‘ಅಂತ್ಯ’ ಅಂತ ಹೆಸರಿಟ್ಟರೆ ಯಾರಾದ್ರೂ ಹೆದರ್ತಾರಾ? ಗೇಮಿಂಗ್ ಹೆಸರಿನ ಬಗ್ಗೆ ತಿಳಿದಿರಬೇಕಾದ್ದು

ಪಾವಗಡ ತಾಲ್ಲೂಕಿನ ನಾಗಲಮಡಿಕೆಗೆ ಹೊರಗಿನವರು ಬರೋದು ಹೆಚ್ಚಾಗಿ ಸುಬ್ರಹ್ಮಣ್ಯನ ದೇವಸ್ಥಾನಕ್ಕೆ. ಕುಕ್ಕೆಯದು ಆದಿ ಸುಬ್ರಹ್ಮಣ್ಯ, ಘಾಟಿಯದು ಮಧ್ಯ ಸುಬ್ರಹ್ಮಣ್ಯ, ನಾಗಲಮಡಿಕೆಯದು ಅಂತ್ಯ ಸುಬ್ರಹ್ಮಣ್ಯ. ಮೂರರಲ್ಲಿ ಕೊನೆಯದು ಅನ್ನೋದಷ್ಟೇ ಆ ‘ಅಂತ್ಯ’ದ ಅರ್ಥ.

ಹೋದ ಸಲ ಆ ಕಡೆ ಹೋಗಿದ್ದಾಗ ಉತ್ತರ ಪಿನಾಕಿನಿಯ ದಡದಲ್ಲಿ ಮೊಬೈಲ್ ಹಿಡಿದು ಕೂತಿದ್ದ ಹುಡುಗನೊಬ್ಬ ಕೇಳಿದ: “ಅಣ್ಣಾ, ಗೇಮಲ್ಲಿ ಹಾಕ್ಕೊಳ್ಳೋಕೆ ಒಂದು ಟೆರರ್ ಹೆಸ್ರು ಹೇಳು. ನೋಡಿದ ತಕ್ಷಣ ಎದುರಿಗಿರೋನು ನಡುಗ್ಬೇಕು. ಬೇರೆ ಯಾರ ಹತ್ರಾನೂ ಅದು ಇರಬಾರ್ದು.” ತಮಾಷೆಗೆ ‘ಅಂತ್ಯ’ ಅಂತ ಇಟ್ಕೋ ಅಂದೆ. “ಅದು ನಮ್ಮ ಸುಬ್ಬಪ್ಪಂದು ಅಣ್ಣಾ, ಅಜ್ಜಿ ಬೈತಾಳೆ” ಅಂದ.

ಅವನ ಬೇಡಿಕೆಯಲ್ಲಿ ಎರಡು ಷರತ್ತು ಇದ್ದವು. ಹೆಸರು ಹೆದರಿಸಬೇಕು, ಮತ್ತು ಅದು ತನ್ನೊಬ್ಬನದೇ ಆಗಿರಬೇಕು. ಈ ಎರಡೂ ಎಷ್ಟು ಸಾಧ್ಯ, ಅದಕ್ಕೆ ಏನು ಬೆಲೆ ತೆರಬೇಕಾಗುತ್ತೆ, ಹೆಸರು ಆರಿಸುವ ಮುಂಚೆ ಏನೇನು ನೋಡಬೇಕು ಅನ್ನೋದರ ಟಿಪ್ಪಣಿ ಇದು.

ಬಿರುದು ಅನ್ನೋ ಹಳೇ ನಿಕ್‌ನೇಮ್

ಹೆದರಿಸುವ ಹೆಸರು ಇಟ್ಟುಕೊಳ್ಳೋದು ಮೊಬೈಲ್ ಕಾಲದ ಹುಚ್ಚು ಅಂತ ಹಿರಿಯರು ಗೊಣಗಬಹುದು. ಆದರೆ ನಮ್ಮ ಶಾಸನಗಳ ತುಂಬ ಇರೋದು ಇದೇ. ಚಾಳುಕ್ಯರ ಒಂದನೇ ಸೋಮೇಶ್ವರ ‘ಆಹವಮಲ್ಲ’, ಅಂದರೆ ಯುದ್ಧದ ಜಟ್ಟಿ. ಅವನ ಮಗ ಎರಡನೇ ಸೋಮೇಶ್ವರ ‘ಭುವನೈಕಮಲ್ಲ’, ಲೋಕಕ್ಕೆ ಒಬ್ಬನೇ ಜಟ್ಟಿ. ಇನ್ನೊಬ್ಬ ಮಗ ಆರನೇ ವಿಕ್ರಮಾದಿತ್ಯ ‘ತ್ರಿಭುವನಮಲ್ಲ’, ಮೂರು ಲೋಕಕ್ಕೂ ಜಟ್ಟಿ. ಒಂದೇ ಮನೆಯೊಳಗೆ ಲೆವೆಲ್ ಏರುತ್ತಾ ಹೋಗಿರೋದನ್ನ ಗಮನಿಸಿ.

ಈ ಪಟ್ಟಿಯಲ್ಲಿ ಮೊದಲ ಸಾಲಿಗೆ ಬರುವವನು ಗಂಗರ ಮಂತ್ರಿ, ಸೇನಾಪತಿ ಚಾವುಂಡರಾಯ. ಶ್ರವಣಬೆಳಗೊಳದ ಗೊಮ್ಮಟನನ್ನು ಮಾಡಿಸಿದವನು, 978ರಲ್ಲಿ ‘ಚಾವುಂಡರಾಯ ಪುರಾಣ’ ಬರೆದವನು. ಸಮರಧುರಂಧರ, ವೀರಮಾರ್ತಾಂಡ, ರಣರಂಗಸಿಂಗ, ವೈರಿಕುಲಕಾಲದಂಡ, ಭುಜವಿಕ್ರಮ, ಸಮರಪರಶುರಾಮ, ಪ್ರತಿಪಕ್ಷರಾಕ್ಷಸ, ಭಟಮಾರಿ. ಇವೆಲ್ಲ ಅವನೊಬ್ಬನ ಬಿರುದುಗಳು. ಇಂದಿನ ಯಾವ ಲಾಬಿಯಲ್ಲಿ ಹಾಕಿದರೂ ನಡೆಯುತ್ತವೆ. ವ್ಯತ್ಯಾಸ ಇಷ್ಟೇ: ಅವನ ಬಿರುದುಗಳಲ್ಲಿ ಹಲವಕ್ಕೆ ಹಿಂದೆ ಒಂದೊಂದು ಕಾಳಗ ಇದೆ. ಗೋನೂರಿನ ಬಯಲಲ್ಲಿ ನೊಳಂಬರ ಸೈನ್ಯವನ್ನು ಎದುರಿಸಿದ್ದಕ್ಕೆ ವೀರಮಾರ್ತಾಂಡ, ಉಚ್ಚಂಗಿ ಕೋಟೆಯ ಹೋರಾಟಕ್ಕೆ ರಣರಂಗಸಿಂಗ.

ನೊಳಂಬರು ಪಾವಗಡ ಸೀಮೆಗೆ ದೂರದವರಲ್ಲ. ಅವರ ರಾಜಧಾನಿ ಹೆಂಜೇರು, ಅಂದರೆ ಈಗಿನ ಹೇಮಾವತಿ, ಶಿರಾ ಕಡೆಯಿಂದ ಗಡಿ ದಾಟಿದರೆ ಆಂಧ್ರದಲ್ಲಿ ಸಿಗುತ್ತೆ. ಗಂಗರ ದೊರೆ ಎರಡನೇ ಮಾರಸಿಂಹ ಇವರನ್ನು ಸೋಲಿಸಿ ‘ನೊಳಂಬಕುಲಾಂತಕ’ ಅಂತ ಬಿರುದು ಹಾಕಿಕೊಂಡ. ನೊಳಂಬರ ಕುಲಕ್ಕೇ ಯಮ. ಈ ಸೀಮೆಯ ಜನರನ್ನ ಗುರಿಯಾಗಿಟ್ಟುಕೊಂಡ ಹೆದರಿಸುವ ಹೆಸರು ಅಂದರೆ ಇದೇ. ಆದರೆ ಕುಲ ಏನೂ ಮುಗಿಯಲಿಲ್ಲ. ಮಾರಸಿಂಹ ಸತ್ತ ಮೇಲೂ, 11ನೇ ಶತಮಾನದಲ್ಲಿ, ಚಾಳುಕ್ಯರ ಕೈಕೆಳಗೆ ನೊಳಂಬ ಹೆಸರಿನ ಅರಸರು ಇದ್ದರು. 12ನೇ ಶತಮಾನದಲ್ಲಿ ಹೊಯ್ಸಳ ವಿಷ್ಣುವರ್ಧನ ‘ನೊಳಂಬವಾಡಿಗೊಂಡ’ ಅಂತ ಮತ್ತೆ ಬಿರುದು ಹಾಕಿಕೊಳ್ಳಬೇಕಾಯಿತು. ‘ಕುಲಾಂತಕ’ ಅನ್ನೋದು ಒಂದು ಪ್ರಚಾರದ ಮಾತು. ಬರೆಸಿದವರು ಗೆದ್ದವರ ಕಡೆಯವರು.

ಬಿರುದಿನ ಚಟ ನಮ್ಮನ್ನ ಇನ್ನೂ ಬಿಟ್ಟಿಲ್ಲ. ಮುತ್ತುರಾಜು 1954ರ ‘ಬೇಡರ ಕಣ್ಣಪ್ಪ’ದಲ್ಲಿ ರಾಜ್‌ಕುಮಾರ್ ಆದರು, ಆಮೇಲೆ ನಟಸಾರ್ವಭೌಮ. ಸಂಪತ್ ಕುಮಾರ್ ಅನ್ನೋ ಹುಡುಗ 1972ರ ‘ನಾಗರಹಾವು’ ಚಿತ್ರಕ್ಕೆ ವಿಷ್ಣುವರ್ಧನ್ ಆದರು, ಆಮೇಲೆ ಸಾಹಸಸಿಂಹ. ರೆಬೆಲ್ ಸ್ಟಾರ್, ಚಾಲೆಂಜಿಂಗ್ ಸ್ಟಾರ್, ರಾಕಿಂಗ್ ಸ್ಟಾರ್ ಎಲ್ಲ ಇದೇ ದಾರಿಯವು. ಇಂಥ ಪೋಸ್ಟರ್‌ಗಳ ಕೆಳಗೆ ಬೆಳೆದ ಹುಡುಗ ಗೇಮಿನಲ್ಲಿ ‘ಕಿಲ್ಲರ್’ ಅಂತ ಹೆಸರಿಟ್ಟುಕೊಂಡರೆ ಅದರಲ್ಲಿ ಆಶ್ಚರ್ಯ ಏನಿದೆ?

ಹೆದರಿಸುವ ಹೆಸರು ಹೆದರಿಸುತ್ತಾ?

ಒಮ್ಮೊಮ್ಮೆ. ಅಮೆರಿಕದ ಜೊನಾಥನ್ ವೆಂಡೆಲ್ 1999ರಲ್ಲಿ ವೃತ್ತಿಪರ ಆಟಗಾರನಾದ. ಅವನ ಹೆಸರು ‘ಫೇಟಾಲಿಟಿ’, ಅದರಲ್ಲಿ ಒಂದು ಅಕ್ಷರದ ಜಾಗದಲ್ಲಿ 1 ಅಂಕಿ. ಸಾವು ಅನ್ನೋ ಅರ್ಥದ ಆ ಹೆಸರು ಮುಂದೆ ಮದರ್‌ಬೋರ್ಡ್, ಸೌಂಡ್ ಕಾರ್ಡ್‌ಗಳ ಮೇಲೂ ಬ್ರ್ಯಾಂಡ್ ಆಗಿ ಅಚ್ಚಾಯಿತು. ಆದರೆ ಮೊದಲು ಗೆಲುವು ಬಂತು, ಹೆಸರಿಗೆ ಬೆಲೆ ಬಂದದ್ದು ಆಮೇಲೆ.

ಲೀಗ್ ಆಫ್ ಲೆಜೆಂಡ್ಸ್ ಆಟದ ಅತಿ ದೊಡ್ಡ ಹೆಸರು ಕೊರಿಯಾದ ಲೀ ಸಾಂಗ್-ಹ್ಯೊಕ್. 2013ರಲ್ಲಿ ಮೊದಲ ವಿಶ್ವ ಚಾಂಪಿಯನ್‌ಶಿಪ್ ಗೆದ್ದ, 2024ರಲ್ಲೂ ಗೆದ್ದ. ಅವನ ಹೆಸರು ‘ಫೇಕರ್’. ಯಾಮಾರಿಸುವವನು ಅಂತ ಅರ್ಥ, ರಕ್ತ-ಗಿಕ್ತ ಏನೂ ಇಲ್ಲ. ನಮ್ಮ ಬಿಜಿಎಂಐ ಆಟದಲ್ಲಿ ಎದುರಾಳಿಗಳು ಬಾಯಿ ಮುಚ್ಚುವ ಹೆಸರು ‘ಜೊನಾಥನ್’. ಅದು ಅವನ ಅಪ್ಪ-ಅಮ್ಮ ಇಟ್ಟ ಹೆಸರೇ. ನಮನ್ ಮಾಥುರ್ ಇಟ್ಟುಕೊಂಡಿರೋದು ‘ಮಾರ್ಟಲ್’, ಅಂದರೆ ಒಂದಿನ ಸಾಯುವ ಮನುಷ್ಯ.

ನನ್ನ ಅನುಭವ ಇನ್ನೂ ಸಣ್ಣದು. ಇಂಜಿನಿಯರಿಂಗ್ ಹಾಸ್ಟೆಲ್‌ನಲ್ಲಿ ಲ್ಯಾನ್ ಕೇಬಲ್ ಎಳೆದು ಕೌಂಟರ್-ಸ್ಟ್ರೈಕ್ ಆಡುತ್ತಿದ್ದ ಕಾಲ. ನಾನು ‘ಡೆತ್‌ಲಾರ್ಡ್’. ಇನ್ನೊಬ್ಬ ಡಾರ್ಕ್ ಅದು, ಮತ್ತೊಬ್ಬ ಶ್ಯಾಡೋ ಇದು. ಕೊರಟಗೆರೆ ಕಡೆಯ ಒಬ್ಬ ಗೆಳೆಯ ‘ಮುದ್ದೆ’ ಅಂತ ಹೆಸರಿಟ್ಟುಕೊಂಡಿದ್ದ. ಮೊದಲ ವಾರ ಎಲ್ಲರೂ ನಕ್ಕೆವು. ಆಮೇಲೆ ಪರದೆಯ ಮೂಲೆಯಲ್ಲಿ ಡೆತ್‌ಲಾರ್ಡ್‌ನನ್ನು ಮುದ್ದೆ ಕೊಂದಿತು ಅಂತ ದಿನಾ ಬರೋಕೆ ಶುರುವಾಯ್ತು. ಸೆಮಿಸ್ಟರ್ ಮುಗಿಯೋ ಹೊತ್ತಿಗೆ ‘ಮುದ್ದೆ’ ಸರ್ವರ್‌ಗೆ ಬಂದ ಅಂದ್ರೆ ಸಾಕು, ನಾವೆಲ್ಲ “ಹೋಯ್ತು ಬಿಡೋ ಮಗಾ” ಅನ್ನೋರು. ನಮ್ಮ ಡೆತ್, ಡಾರ್ಕ್‌ಗಳು ಒಂದಕ್ಕೊಂದು ಎಷ್ಟು ಹೋಲುತ್ತಿದ್ದವು ಅಂದರೆ ಯಾರು ಯಾರು ಅಂತ ನೆನಪಿರುತ್ತಿರಲಿಲ್ಲ. ಮುದ್ದೆ ಮಾತ್ರ ಇವತ್ತಿಗೂ ನೆನಪಿದೆ.

ಹಾಗಾಗಿ ಮೊದಲ ಷರತ್ತಿಗೆ ಉತ್ತರ: ಭಯ ಆಟದಿಂದ ಹೆಸರಿಗೆ ಹರಿಯುತ್ತೆ. ಹೆಸರಿನಿಂದ ಆಟಕ್ಕೆ ಹರಿಯೋದು ತೀರಾ ಕಡಿಮೆ. ಎದುರಾಳಿ ಹೆದರಬೇಕಾದರೆ ಮೊದಲು ಅವನಿಗೆ ಹೆಸರು ನೆನಪಿರಬೇಕು.

‘ನನ್ನ ಹತ್ರ ಮಾತ್ರ’ ಅನ್ನೋದರ ಬೆಲೆ

ಎರಡನೇ ಷರತ್ತಿಗೂ ಪಾವಗಡ ತಾಲ್ಲೂಕಲ್ಲೇ ಉದಾಹರಣೆ ಇದೆ. ನಿಡುಗಲ್ ಬೆಟ್ಟದ ಮೇಲಿಂದ ಆಳಿದ ಚೋಳ ಮನೆತನದವರು ತಮ್ಮನ್ನು ಕರಿಕಾಲ ಚೋಳನ ವಂಶದವರು ಅಂತ ಕರೆದುಕೊಂಡರು, ‘ಒರೆಯೂರ ಪುರವರಾಧೀಶ್ವರ’ ಅಂತ ಬರೆಸಿಕೊಂಡರು. ಒರೆಯೂರು ಇರೋದು ತಮಿಳುನಾಡಿನ ತಿರುಚಿರಾಪಳ್ಳಿಯಲ್ಲಿ, ನಿಡುಗಲ್ಲಿನಿಂದ ನೂರಾರು ಕಿಲೋಮೀಟರ್ ಆಚೆ. ಬೆಟ್ಟ ನಿಡುಗಲ್ಲಿನದು, ಹೆಸರು ಒರೆಯೂರಿನದು. ಎಲ್ಲರಿಗೂ ಸಿಗದ ಹೆಸರಿಗೆ ಯಾವಾಗಲೂ ಒಂದು ತೂಕ ಇರುತ್ತೆ.

ಇವತ್ತು ಆ ತೂಕವನ್ನು ನಿರ್ಧರಿಸೋದು ಕಂಪನಿಗಳ ನಿಯಮ. ಸ್ಟೀಮ್‌ನಲ್ಲಿ ಒಂದೇ ಹೆಸರನ್ನು ಎಷ್ಟು ಜನ ಬೇಕಾದರೂ ತೋರಿಸಬಹುದು. ವ್ಯಾಲರಂಟ್ ಮಾಡಿದ ರಯಟ್ ಕಂಪನಿ 3ರಿಂದ 16 ಅಕ್ಷರದ ಹೆಸರಿನ ಜೊತೆ ಒಂದು ಸಣ್ಣ ಬಾಲ ಸೇರಿಸುತ್ತೆ. ಹೆಸರು ಒಂದೇ ಇದ್ದರೂ ಬಾಲ ಬೇರೆ ಇದ್ದರೆ ಸಾಕು. (ನೊಳಂಬಕುಲಾಂತಕ ಅಂತ ಇಂಗ್ಲಿಷ್ ಅಕ್ಷರದಲ್ಲಿ ಬರೆದರೆ ಸರಿಯಾಗಿ 16 ಆಗುತ್ತೆ, ಬೇಕಾದರೆ ಎಣಿಸಿ ನೋಡಿ.) ಡಿಸ್ಕಾರ್ಡ್ ಕೂಡ ಮೊದಲು ಹೆಸರಿನ ಹಿಂದೆ ನಾಲ್ಕು ಅಂಕಿ ಇಡುತ್ತಿತ್ತು. 2023ರಲ್ಲಿ ಅದನ್ನು ತೆಗೆದು ಪ್ರತಿಯೊಬ್ಬರಿಗೂ ಬೇರೆ ಬೇರೆ ಹೆಸರು ಕಡ್ಡಾಯ ಮಾಡಿತು. ಹಳೇ ಖಾತೆದಾರರಿಗೆ ಮೊದಲ ಆಯ್ಕೆ ಸಿಕ್ಕಿತು. ಚೆಂದದ ಚಿಕ್ಕ ಹೆಸರುಗಳು ಅವರ ಪಾಲಾದವು. ಹೊಸಬರಿಗೆ ಉಳಿದದ್ದು ಅಂಡರ್‌ಸ್ಕೋರ್ ಮತ್ತು ಅಂಕಿಗಳು.

ಹೀಗೆ ಹೆಸರು ಆಸ್ತಿಯಾದ ಕಡೆ ಕಳ್ಳತನವೂ ಬರುತ್ತೆ. ಎರಡು-ಮೂರು ಅಕ್ಷರದ, ಮೊದಲೇ ನೋಂದಾಯಿಸಿದ ಹೆಸರುಗಳನ್ನು ‘ಓಜಿ’ ಅಂತಾರೆ. ಅವುಗಳನ್ನು ಕದ್ದು ಮಾರುವ ಕಳ್ಳಸಂತೆಯೇ ಇದೆ. 2020ರ ಜುಲೈನಲ್ಲಿ ಟ್ವಿಟರ್‌ನ ದೊಡ್ಡ ದೊಡ್ಡವರ ಖಾತೆಗಳಿಗೆ ಕನ್ನ ಹಾಕಿ ಬಿಟ್‌ಕಾಯಿನ್ ಕೇಳಿದ ಪ್ರಕರಣದ ಬೇರು ಇದ್ದದ್ದೂ ಇಂಥ ಹೆಸರು ಮಾರುವ ಹುಡುಗರ ಗುಂಪಿನಲ್ಲೇ. ನಿಮ್ಮ ಹೆಸರು ಅಪರೂಪದ್ದಾದಷ್ಟೂ ಪಾಸ್‌ವರ್ಡ್, ಎರಡು ಹಂತದ ಲಾಗಿನ್ ಬಗ್ಗೆ ಎಚ್ಚರ ಹೆಚ್ಚಬೇಕು.

ಇಷ್ಟಾದರೂ ಆ ಹೆಸರು ನಿಮ್ಮದಲ್ಲ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ಪಬ್‌ಜಿ ಮೊಬೈಲ್ ನಿಷೇಧಿಸಿತು. 2022ರ ಫೆಬ್ರವರಿ 14ರಂದು ಫ್ರೀ ಫೈರ್ ಸರದಿ. 2021ರ ಜುಲೈನಲ್ಲಿ ಬಂದ ಬಿಜಿಎಂಐ ಮರುವರ್ಷ ಜುಲೈನಲ್ಲಿ ಸ್ಟೋರ್‌ಗಳಿಂದ ಮಾಯವಾಗಿ, 2023ರ ಮೇನಲ್ಲಿ ಮರಳಿತು. ವರ್ಷಗಟ್ಟಲೆ ಆಡಿ ಗಳಿಸಿದ ಹೆಸರು, ರ‍್ಯಾಂಕ್ ಎಲ್ಲ ಒಂದು ಆದೇಶಕ್ಕೆ ಕಾಣದಂತಾಗಬಹುದು. ಆ ನಿಷೇಧಗಳು ಸರಿಯೋ ತಪ್ಪೋ ಅನ್ನೋದು ಬೇರೆ ಚರ್ಚೆ. ಶಾಸನದ ಕಲ್ಲಿನಷ್ಟು ಗಟ್ಟಿ ಜಾಗ ನಿಮಗೆ ಸಿಕ್ಕಿಲ್ಲ ಅನ್ನೋದು ಗೊತ್ತಿರಲಿ.

ಕನ್ನಡದಲ್ಲೇ ಹೆಸರಿಡಬಹುದಾ?

ಕೆಲವು ಕಡೆ ಆಗುತ್ತೆ, ಕೆಲವು ಕಡೆ ಆಗಲ್ಲ. ಡಿಸ್ಕಾರ್ಡ್‌ನ ಯೂಸರ್‌ನೇಮ್‌ನಲ್ಲಿ ಇಂಗ್ಲಿಷಿನ ಸಣ್ಣ ಅಕ್ಷರ, ಅಂಕಿ, ಚುಕ್ಕೆ, ಅಂಡರ್‌ಸ್ಕೋರ್ ಮಾತ್ರ ನಡೆಯುತ್ತೆ. ಹೊರಗೆ ಕಾಣುವ ಹೆಸರನ್ನು ಕನ್ನಡದಲ್ಲಿ ಇಡಬಹುದು.

ಲಿಪಿಗೆ ಅವಕಾಶ ಕೊಟ್ಟ ಕಡೆಯೂ ಲೆಕ್ಕದಲ್ಲಿ ನಮಗೆ ಪೆಟ್ಟು ಬೀಳಬಹುದು. ‘ಅಂತ್ಯ’ ನಮ್ಮ ಕಣ್ಣಿಗೆ ಎರಡೇ ಅಕ್ಷರ. ಯೂನಿಕೋಡ್ ಲೆಕ್ಕದಲ್ಲಿ ಐದು: ಅ, ಅನುಸ್ವಾರ, ತ, ವಿರಾಮ ಚಿಹ್ನೆ, ಯ. ಯುಟಿಎಫ್-8ರಲ್ಲಿ ಕನ್ನಡದ ಪ್ರತಿ ಚಿಹ್ನೆಗೂ ಮೂರು ಬೈಟ್, ಒಟ್ಟು 15. ‘ನಾಗಲಮಡಿಕೆ’ ಅನ್ನೋ ಆರು ಅಕ್ಷರ 9 ಚಿಹ್ನೆ, 27 ಬೈಟ್. ಇಂಗ್ಲಿಷಿನ ಒಂದು ಅಕ್ಷರಕ್ಕೆ ಒಂದೇ ಬೈಟ್. ಆಟ ಮಾಡಿದವರು ಮಿತಿಯನ್ನು ಬೈಟ್‌ನಲ್ಲಿ ಇಟ್ಟಿದ್ದರೆ ಕನ್ನಡದ ಹೆಸರಿಗೆ ಮೂರನೇ ಒಂದು ಭಾಗ ಜಾಗವೇ ಗತಿ. ಇದರಲ್ಲಿ ಯಾರದ್ದೂ ದುರುದ್ದೇಶ ಇರಬೇಕಿಲ್ಲ. ಮಿತಿ ಬರೆಯುವಾಗ ಕನ್ನಡದಲ್ಲಿ ಹೆಸರಿಡುವವರು ಅವರ ಕಣ್ಣ ಮುಂದೆ ಇರಲಿಲ್ಲ, ಅಷ್ಟೇ. ಕಂಪನಿಗಳಿಗೆ ನಾವು ಕೇಳಬೇಕಾದದ್ದು ಇದನ್ನೇ: ಮಿತಿ ಅಕ್ಷರದ ಲೆಕ್ಕದಲ್ಲಿರಲಿ, ಬೈಟ್ ಲೆಕ್ಕದಲ್ಲಿ ಬೇಡ.

ಇನ್ನು ಅಲಂಕಾರದ ಅಕ್ಷರಗಳು. ದಪ್ಪ, ಬಾಗಿದ, ಗೋಥಿಕ್ ಥರದ ಇಂಗ್ಲಿಷ್ ಅಕ್ಷರಗಳಲ್ಲಿ ಹೆಚ್ಚಿನವು ಗಣಿತದ ಬರಹಕ್ಕೆ ಅಂತ ಯೂನಿಕೋಡ್‌ನಲ್ಲಿ ಸೇರಿಸಿದ ಚಿಹ್ನೆಗಳು. ಕಣ್ಣು ಕಾಣದವರ ಸ್ಕ್ರೀನ್ ರೀಡರ್ ಅವನ್ನು ಹೆಸರಾಗಿ ಓದಲು ತಡಕಾಡುತ್ತೆ. ಕೊರಿಯನ್ ಲಿಪಿಯ ಒಂದು ಖಾಲಿ ಚಿಹ್ನೆ ಬಳಸಿ ಕಾಣದ ಹೆಸರು ಇಡುವ ಚಾಳಿಯೂ ಇದೆ. ಗೆಳೆಯರು ಹುಡುಕಿದರೂ ನೀವು ಸಿಗಲ್ಲ, ನೀವು ತಪ್ಪು ಮಾಡಿದರೆ ಹೆಸರು ಹೇಳಿ ದೂರು ಕೊಡೋದೂ ಕಷ್ಟ. ಎರಡನೆಯದಕ್ಕೇ ಅದನ್ನು ಬಳಸುವವರಿದ್ದಾರೆ.

ಯಾರಿಗೆ ಯಾರ ಭಯ?

ಇಲ್ಲಿವರೆಗೆ ಹೇಳಿದ್ದು ಲೆಕ್ಕಾಚಾರ. ನಿಜವಾದ ಪ್ರಶ್ನೆ ಈಗ ಬರುತ್ತೆ. ಹೆದರಿಸುವ ಹೆಸರು ಹುಡುಕುವಾಗ ನಾವು ಭಯವನ್ನು ಎಲ್ಲಿಂದ ಸಾಲ ತರುತ್ತಿದ್ದೇವೆ?

ನಮ್ಮ ಕಡೆಯ ಲಾಬಿಗಳಲ್ಲಿ ಕಣ್ಣಾಡಿಸಿ. ಬಾಸ್, ಡಾನ್‌ಗಳ ಜೊತೆ ಜಾತಿ ಹೆಸರೂ ಕಾಣುತ್ತೆ. ಇಂಥವರ ಹುಡುಗ, ಇಂಥವರ ರಕ್ತ. ಇದು ಹೆದರಿಸುತ್ತೆ, ನಿಜ. ಯಾಕಂದ್ರೆ ಅದರ ಹಿಂದೆ ಊರಿನಲ್ಲಿ ಆಗಲೇ ಇರುವ ಭಯವಿದೆ. ಪಾವಗಡ ಪರಿಶಿಷ್ಟ ಜಾತಿಗೆ ಮೀಸಲಾದ ವಿಧಾನಸಭಾ ಕ್ಷೇತ್ರ. ಇಂಥ ಊರುಗಳಲ್ಲಿ ದೊಡ್ಡವರ ಹೆಸರಿನ ಹಿಂದೆ ಗೌರವದ ‘ಅಪ್ಪ’, ‘ಅಯ್ಯ’ ಸೇರಿಸಿ, ಕೇರಿಯವರನ್ನು ಮೊಟಕು ಹೆಸರಲ್ಲಿ, ಬಣ್ಣದ ಹೆಸರಲ್ಲಿ ಕೂಗಿದ ಕಾಲವನ್ನು ನೋಡಿದವರು ಇನ್ನೂ ಬದುಕಿದ್ದಾರೆ. ಅಪ್ಪನ ಹೆಸರನ್ನು ಬೇರೆಯವರು ತಿರುಚಿದ್ದನ್ನು ಕೇಳಿ ಬೆಳೆದ ಹುಡುಗನಿಗೆ ತನ್ನ ಹೆಸರು ತಾನೇ ಇಟ್ಟುಕೊಳ್ಳುವ ಜಾಗ ಸಿಕ್ಕಿದ್ದು ಸಣ್ಣ ವಿಷಯ ಅಲ್ಲ. ಅವನು ಅಲ್ಲಿ ‘ಕಿಂಗ್’ ಅಂದುಕೊಂಡರೆ ನಗೋಕೆ ನನಗೆ ಮನಸ್ಸಿಲ್ಲ. ಅದೇ ಲಾಬಿಗೆ ಊರಿನ ಏಣಿಯನ್ನು ಹೊತ್ತು ತರುವವರ ಮೇಲೆ ನನ್ನ ತಕರಾರು.

ಕಾನೂನೂ ಗೊತ್ತಿರಲಿ. ದಲಿತ, ಆದಿವಾಸಿ ವ್ಯಕ್ತಿಯನ್ನು ಸಾರ್ವಜನಿಕರ ಎದುರು ಜಾತಿ ಹೆಸರಿಡಿದು ಬೈಯೋದು 1989ರ ದೌರ್ಜನ್ಯ ತಡೆ ಕಾಯ್ದೆಯಡಿ ಅಪರಾಧ. ಇಂಟರ್ನೆಟ್‌ನಲ್ಲಿ ಹಾಕಿದ ನಿಂದನೆಗೂ ಈ ಕಾಯ್ದೆ ಅನ್ವಯಿಸುತ್ತೆ ಅಂತ 2022ರಲ್ಲಿ ಕೇರಳ ಹೈಕೋರ್ಟ್ ಹೇಳಿದೆ. “ಸುಮ್ನೆ ಗೇಮಲ್ಲಿ ಅಂದಿದ್ದು” ಅನ್ನೋದು ರಕ್ಷಣೆ ಆಗಲ್ಲ.

ಹೆಣ್ಣುಮಕ್ಕಳಿಗೆ ಹೆಸರಿನ ಲೆಕ್ಕವೇ ಬೇರೆ. 2006ರಲ್ಲಿ ಅಮೆರಿಕದ ಮೇರಿಲ್ಯಾಂಡ್ ವಿಶ್ವವಿದ್ಯಾಲಯದ ಸಂಶೋಧಕರು ಚಾಟ್ ರೂಮ್‌ಗಳಲ್ಲಿ ಹೆಣ್ಣಿನ ಮತ್ತು ಗಂಡಿನ ಹೆಸರಿನ ಖಾತೆಗಳನ್ನು ಬಿಟ್ಟು ನೋಡಿದರು. ಹೆಣ್ಣಿನ ಹೆಸರಿಗೆ ಬಂದ ಬೆದರಿಕೆ, ಅಶ್ಲೀಲ ಸಂದೇಶಗಳು 25 ಪಟ್ಟು ಹೆಚ್ಚು. 2015ರಲ್ಲಿ ಹೇಲೋ 3 ಆಟದ ಮೇಲೆ ನಡೆದ ಇನ್ನೊಂದು ಅಧ್ಯಯನದಲ್ಲಿ, ಹೆಣ್ಣು ದನಿಯ ಜೊತೆಗಾರರ ಮೇಲೆ ಹೆಚ್ಚು ಹರಿಹಾಯ್ದವರು ಆಟದಲ್ಲಿ ಹಿಂದಿದ್ದ ಗಂಡಸರು. ಚೆನ್ನಾಗಿ ಆಡುವವರಿಗೆ ಅದರ ಅಗತ್ಯ ಕಡಿಮೆ ಇತ್ತು. ಹುಡುಗಿಯೊಬ್ಬಳು ಗಂಡು ಹೆಸರೋ, ರಾಕ್ಷಸನ ಹೆಸರೋ ಇಟ್ಟುಕೊಂಡು ಮೈಕ್ ಮುಚ್ಚಿ ಆಡಿದರೆ ಅದು ಅವಳಿಗೆ ಬೇಲಿ. ಹುಡುಗನಿಗೆ ಅದೇ ಹೆಸರು ಶೋಕಿ.

“ಎಲ್ಲರೂ ನಿಜ ಹೆಸರಲ್ಲೇ ಆಡಲಿ, ಆಗ ಸರಿಹೋಗುತ್ತೆ” ಅನ್ನುವವರಿದ್ದಾರೆ. 2010ರಲ್ಲಿ ಬ್ಲಿಝಾರ್ಡ್ ಕಂಪನಿ ತನ್ನ ಚರ್ಚಾ ವೇದಿಕೆಗಳಲ್ಲಿ ನಿಜ ಹೆಸರು ಕಡ್ಡಾಯ ಮಾಡ್ತೀವಿ ಅಂತು. ಆಟಗಾರರ ಸಿಟ್ಟು ನೋಡಿ ಕೆಲವೇ ದಿನಗಳಲ್ಲಿ ಹಿಂದೆ ಸರಿಯಿತು. ನಮ್ಮ ದೇಶದಲ್ಲಂತೂ ನಿಜ ಹೆಸರು ಅಂದರೆ ಎಷ್ಟೋ ಸಲ ಜಾತಿ, ಧರ್ಮ, ಲಿಂಗ ಮೂರನ್ನೂ ಒಟ್ಟಿಗೆ ಹೇಳಿದಂತೆ. 1929ರಲ್ಲಿ ಚೆಂಗಲ್ಪಟ್ಟಿನ ಸ್ವಾಭಿಮಾನ ಸಮ್ಮೇಳನದಲ್ಲಿ ಪೆರಿಯಾರ್ ಬಳಗ ಹೆಸರಿನ ಜಾತಿ ಬಾಲ ಕತ್ತರಿಸಲು ಕರೆ ಕೊಟ್ಟದ್ದು ಸುಮ್ನೆ ಅಲ್ಲ.

ನಮ್ಮಲ್ಲಿ ಇದಕ್ಕಿಂತ ಹಳೇ ದಾರಿಯೂ ಇದೆ. 12ನೇ ಶತಮಾನದ ವಚನಕಾರರು ಪ್ರತಿಯೊಬ್ಬರೂ ಒಂದು ಅಂಕಿತ ಆರಿಸಿಕೊಂಡರು. ಹೆಚ್ಚಿನವರದ್ದು ಇಷ್ಟದೈವದ ಹೆಸರು. ಅಂಬಿಗರ ಚೌಡಯ್ಯ ಮಾತ್ರ ದೋಣಿ ನಡೆಸುವ ಕಸುಬಿನ ಸಮೇತ ತನ್ನ ಹೆಸರನ್ನೇ ಅಂಕಿತ ಮಾಡಿಕೊಂಡ. ಸೂಳೆ ಸಂಕವ್ವೆಯ ಅಂಕಿತ ‘ನಿರ್ಲಜ್ಜೇಶ್ವರ’. ಜನ ತನ್ನ ಮೇಲೆ ಎಸೆದ ನಾಚಿಕೆಯನ್ನೇ ತಿರುಗಿಸಿ ಹೆಸರಾಗಿಸಿಕೊಂಡ ಹೆಣ್ಣು. ಭಟಮಾರಿಗಿಂತ ಈ ಎರಡು ಹೆಸರು ನನಗೆ ಹೆಚ್ಚು ನಡುಕ ಹುಟ್ಟಿಸುತ್ತವೆ. ಇವಕ್ಕೆ ಯಾರ ಸೈನ್ಯವೂ ಬೇಕಾಗಿರಲಿಲ್ಲ.

ಹೆಸರಿಡುವ ಮುಂಚೆ ನೋಡಿಕೊಳ್ಳಿ

- ಮೈಕ್‌ನಲ್ಲಿ ಕೂಗೋಕೆ ಬರಬೇಕು. ಎರಡು-ಮೂರು ಅಕ್ಷರದ ಹೆಸರು ಒಳ್ಳೇದು. ವೈರಿಕುಲಕಾಲದಂಡ ಅಂತ ಕೂಗಿ ಮುಗಿಸೋಷ್ಟರಲ್ಲಿ ಜೊತೆಗಾರ ಸತ್ತಿರ್ತಾನೆ.
- ಹುಟ್ಟಿದ ವರ್ಷ, ಫೋನ್ ನಂಬರಿನ ಅಂಕಿ, ಶಾಲೆ-ಕಾಲೇಜಿನ ಹೆಸರು ಬೇಡ. ಸಣ್ಣ ಊರಲ್ಲಿ ಸ್ವಂತ ಹೆಸರಿನ ಜೊತೆ ಊರ ಹೆಸರು ಸೇರಿಸಿದರೆ ಮನೆ ವಿಳಾಸ ಕೊಟ್ಟಂತೆ. ಬೇಕಾದರೆ ಹೊಳೆ, ಬೆಟ್ಟದ ಹೆಸರು ಇಡಿ. ಪಿನಾಕ ಅಂದರೆ ಶಿವನ ಬಿಲ್ಲು, ಪಿನಾಕಿ ಅಂದರೆ ಅದನ್ನು ಹಿಡಿದವನು. ಇದಕ್ಕಿಂತ ಟೆರರ್ ಇನ್ನೇನು ಬೇಕು?
- ಇಂಗ್ಲಿಷಿನ ದೊಡ್ಡ ಐ, ಸಣ್ಣ ಎಲ್, ಅಂಕಿ 1 ಒಂದೇ ಥರ ಕಾಣುತ್ತವೆ. ಇವು ಇರುವ ಹೆಸರನ್ನು ನಕಲು ಮಾಡಿ ನಿಮ್ಮ ಗೆಳೆಯರಿಂದ ಹಣ ಕೇಳೋದು ಸುಲಭ.
- ಎಲ್ಲ ಆಪ್‌ನಲ್ಲೂ ಒಂದೇ ಹೆಸರು ಇಟ್ಟರೆ ಹುಡುಕುವವರಿಗೆ ಒಂದೇ ದಾರ ಎಳೆದರೆ ಸಾಕು. ಕಿರುಕುಳದ ಭಯ ಇರುವವರು ಬೇರೆ ಬೇರೆ ಇಡಿ.
- ಕೊನೆಗೆ, ಆ ಹೆಸರನ್ನು ನಿಮ್ಮ ತರಗತಿಯ ಅತ್ಯಂತ ಮೆತ್ತಗಿನ ಹುಡುಗ ಅಥವಾ ಹುಡುಗಿಯ ಮುಂದೆ ಜೋರಾಗಿ ಹೇಳಿ ನೋಡಿ. ಅವರಿಗೆ ನಗು ಬಂದರೆ ಹೆಸರು ಪರವಾಗಿಲ್ಲ. ಅವರು ತಲೆ ತಗ್ಗಿಸಿದರೆ ಬದಲಾಯಿಸಿ.

ನಾಗಲಮಡಿಕೆಯ ಆ ಹುಡುಗನಿಗೆ ಇಷ್ಟೆಲ್ಲ ಹೇಳಲಿಲ್ಲ. ಚಾವುಂಡರಾಯನ ಪಟ್ಟಿ ಮತ್ತು ಮುದ್ದೆಯ ಕಥೆ ಹೇಳಿ ಬಂದೆ. ಹತ್ತು ದಿನ ಬಿಟ್ಟು ಮೆಸೇಜ್ ಮಾಡಿದ, ಹೆಸರು ಸಿಕ್ಕಿತು ಅಂತ. ಚೆನ್ನಾಗಿದೆ, ಚಿಕ್ಕದಾಗಿದೆ, ಅಜ್ಜಿಯೂ ಬೈಯಲ್ಲ. ಏನು ಅಂತ ಇಲ್ಲಿ ಬರೆಯಲ್ಲ. ಬರೆದರೆ ನಾಳೆಯೇ ನಿಮ್ಮಲ್ಲಿ ಯಾರಾದರೂ ಹಾಕ್ಕೊಂಡು ಕೂತಿರ್ತೀರಿ.